ಸಮುದ್ರಕ್ಕೆ ಕುಂಟೆ ಹೊಡೆದವನ ತೊಟ್ಟಿಲು

ನಾನು ಅಜ್ಜಿಯಾದೆ. ಮೊದಲು ಇದೊಂದನ್ನು ಹೇಳಿಬಿಡುತ್ತೇನೆ, ಮಿಕ್ಕಿದ್ದೆಲ್ಲ ಆಮೇಲೆ. ನನ್ನ ಮಗಳು ಸವಿತನಿಗೆ ಹೆಣ್ಣುಮಗು ಹುಟ್ಟಿದೆ. ತಲೆ ತುಂಬ ಕೂದಲು, ಬೆಣ್ಣೆ ಮುದ್ದೆಯಂಥ ಕೆನ್ನೆ, ಅತ್ತರೆ ಬೀದಿ ಕೊನೆಗೆ ಕೇಳುವ ಗಂಟಲು. ನೆನ್ನೆ ಬೆಳಗ್ಗೆ ಆಸ್ಪತ್ರೆಯಿಂದ ಪಾಂಡವಪುರದ ನಮ್ಮ ಮನೆಗೆ ಬಂತು. ಬಾಗಿಲಲ್ಲಿ ಆರತಿ ಎತ್ತುವಾಗ ನನ್ನ ಕಣ್ಣೆಲ್ಲ ಮಗುವಿನ ಮೇಲಿದ್ದು, ತಟ್ಟೆಯ ಕೆಂಪು ನೀರೆಲ್ಲ ಅಳಿಯನ ಬಿಳೀ ಅಂಗಿ ಮೇಲೆ ಚೆಲ್ಲಿತು. ಅವನು ನಾಗಮಂಗಲದ ಕಡೆಯವನು, ಸಾಧು. "ಇರ್ಲಿ ಬುಡಿ ಅತ್ತೆ, ಓಕುಳಿ ಆಯ್ತು" ಅಂದ. ಹಾಲಿನವನಿಗೆ ಹೇಳಿದೆ, ಸೊಪ್ಪಿನವಳಿಗೆ ಹೇಳಿದೆ, ಗ್ಯಾಸ್ ಸಿಲಿಂಡರ್ ತಂದ ಹುಡುಗನನ್ನು ನಿಲ್ಲಿಸಿಕೊಂಡು ಮೊಬೈಲಲ್ಲಿ ಫೋಟೊ ತೋರಿಸಿದೆ. "ಇನ್ನ ಬಸ್ ಸ್ಟ್ಯಾಂಡಲ್ಲಿ ಮೈಕ್ ಇಡ್ಕೊಂಡು ಕೂಗೋದೊಂದು ಬಾಕಿ ನೀನು" ಅಂದರು ನಮ್ಮ ಮನೆಯವರು. ಅನ್ನಲಿ. ನಾನು ಓದಿದ್ದು ನಾಲ್ಕನೇ ಕ್ಲಾಸು, ಬರೆದು ಅಭ್ಯಾಸವಿಲ್ಲ. ಆದರೂ ಈ ಸಂತೋಷ ಎದೆಯಲ್ಲಿ ಹಿಡಿಸದೆ ಬರೆಯಲು ಕೂತೆ. ಕೂತ ಮೇಲೆ ಗೊತ್ತಾಯಿತು, ಸಂತೋಷದ ಜೊತೆಗೆ ಇನ್ನೊಂದೂ ಬಂದು ತುಂಬಿಕೊಂಡಿದೆ, ಅದನ್ನೂ ಹೇಳದೆ ಇದು ಮುಗಿಯುವುದಿಲ್ಲ ಅಂತ.

ನೆನ್ನೆ ಮಧ್ಯಾಹ್ನ ನನ್ನ ತಮ್ಮ ಸಿದ್ದರಾಜು ಬಂದ. ಸೋದರಮಾವ ಅಲ್ಲವಾ, ತೊಟ್ಟಿಲು ತರುವುದು ಅವನ ಪಾಲಿನದು. ಹೊಸದು ತರುತ್ತಾನೆ ಅಂದುಕೊಂಡಿದ್ದೆ. ಅವನು ಹೇಮಗಿರಿ ಹತ್ತಿರದ ನಮ್ಮ ತವರಿನ ಅಟ್ಟದಿಂದ ಹಳೇ ತೊಟ್ಟಿಲು ಇಳಿಸಿ, ಲಗೇಜ್ ಆಟೋದಲ್ಲಿ ಹಾಕಿಕೊಂಡು, ಕೆ.ಆರ್. ಪೇಟೆ ಮೇಲೆ ಬಂದಿದ್ದ. "ಅಂಗಡಿ ತೊಟ್ಟಿಲೆಲ್ಲ ಪೈಪು ಕಣಕ್ಕ. ಇದು ಚಿಕ್ಕಪ್ಪ ಮಾಡಿದ್ದು, ತೇಗ. ನಮ್ಮ ಕೂಸು ಮಲಗಲಿ" ಅಂದ. ಹಿತ್ತಿಲಲ್ಲಿ ಇಳಿಸಿ, ಮಸಿ ತೊಳೆದು, ಒಣಗಿದ ಮೇಲೆ ನಾನು ಕೊಬ್ಬರಿ ಎಣ್ಣೆ ಹಚ್ಚಲು ಕೂತೆ. ಬಟ್ಟೆ ಉಜ್ಜಿದ ಹಾಗೆ ಮರದ ಒಳಗಿಂದ ವಾಸನೆ ಎದ್ದಿತು. ಅಟ್ಟದ ಹೊಗೆ, ಹಳೇ ಇದ್ದಲು, ತಣ್ಣಗಾದ ಕಬ್ಬಿಣ, ಅದರ ಅಡಿಯಲ್ಲಿ ಎಲ್ಲೋ ತೇಗದ ಸಿಹಿ. ನಿಮಗೂ ಇಂಥದ್ದೊಂದು ವಾಸನೆ ಇರುತ್ತದೆ. ಮನೆ ಬಿದ್ದುಹೋಗಿರುತ್ತದೆ, ಮನೆಯವರು ಹೋಗಿರುತ್ತಾರೆ, ವಾಸನೆ ಮಾತ್ರ ಎಲ್ಲೋ ಕೂತು ಕಾಯುತ್ತಿರುತ್ತದೆ. ಅಷ್ಟರಲ್ಲಿ ನಮ್ಮ ಬೀಗಿತ್ತಿ, ಅಳಿಯನ ತಾಯಿ, ಬಂದು ನಿಂತು ಕೇಳಿದರು: "ತೊಟ್ಟಿಲಿಗೆ ಕಬ್ಬಿಣ ಏನು ಇಡ್ತೀರಿ ಬೀಗ್ತಿ? ಕತ್ತಿನೋ, ಬೀಗದ ಕೈನೋ?" ಎಣ್ಣೆ ಬಟ್ಟೆ ಪಕ್ಕಕ್ಕಿಟ್ಟೆ. ನಮ್ಮ ಮನೆಯಲ್ಲಿ ಮಕ್ಕಳ ಹತ್ತಿರ ಕಬ್ಬಿಣ ಇಡುವುದಿಲ್ಲ ಅಂದೆ. "ಕುಲುಮೆ ಮನೆಯೋರು ನೀವು, ಕಬ್ಬಿಣ ಇಡಲ್ವಾ? ಸೊಪ್ಪಿನೋರು ಸೊಪ್ಪೇ ತಿನ್ನಲ್ಲ ಅಂದಂಗಾಯ್ತು" ಅಂತ ಅವರು ನಕ್ಕರು. ನಗುವ ಮಾತೇ. ಆದರೆ ಅದರ ಹಿಂದೆ ಒಂದು ಮನೆ ಮುಳುಗಿದ ಕತೆಯಿದೆ.

ನಮ್ಮದು ಆಚಾರರ ಮನೆ. ಮುಂದುಗಡೆ ಕುಲುಮೆ, ಹಿಂದುಗಡೆ ಸಂಸಾರ. ನಮ್ಮ ತಾತ ಕಾಳಾಚಾರಿ ಸುತ್ತಲ ಹಳ್ಳಿಗಳಿಗೆಲ್ಲ ನೇಗಿಲ ಗುಳ, ಕುಂಟೆಯ ಅಲಗು, ಕುಡ್ಲು, ಮಚ್ಚು ಮಾಡಿಕೊಡುತ್ತಿದ್ದರು. ಸುಗ್ಗಿ ಮುಗಿದ ಮೇಲೆ ರೈತರು ರಾಗಿ ತಂದು ಸುರಿಯುತ್ತಿದ್ದರು. ಬೆಳಗಿನ ಹೊತ್ತು ತಿದಿ ಒತ್ತುವುದು ನನ್ನ ಕೆಲಸ. ಚರ್ಮದ ತಿದಿ ಮುದುಕನ ಹಾಗೆ ಉಸಿರು ಬಿಡುತ್ತಿತ್ತು, ಇದ್ದಲು ಕೆಂಪಗಾಗುತ್ತಿತ್ತು, ತಾತನ ಸುತ್ತಿಗೆ ಅಡಿಗಲ್ಲಿನ ಮೇಲೆ ಬಿದ್ದ ಸದ್ದಿಗೆ ಇಡೀ ಕೇರಿ ಏಳುತ್ತಿತ್ತು. ನಮ್ಮ ಮನೆಗೊಂದು ಪದ್ಧತಿ ಇತ್ತು, ಬೇರೆ ಆಚಾರರ ಮನೆಗಳಲ್ಲೂ ನಾನು ಕಾಣೆ. ಮನೆಯಲ್ಲಿ ಮಗು ಹುಟ್ಟಿದ ಸುದ್ದಿ ಬಂದರೆ ತಾತ ಅವತ್ತಿನ ಮೊದಲ ಬೆಂಕಿಯಲ್ಲಿ ಬೇರೆ ಯಾರ ಕೆಲಸವನ್ನೂ ಮಾಡುತ್ತಿರಲಿಲ್ಲ. ಬೆರಳುದ್ದದ ಒಂದು ಕುಡ್ಲು ಮಾಡುತ್ತಿದ್ದರು. ಹುಲ್ಲು ಕೊಯ್ಯುವ ಕುಡ್ಲಿನ ಹಾಗೇ ಬಾಗಿದ್ದು, ಗೊಂಬೆಯ ಕೈಗೆ ಸರಿಯಾಗುವಷ್ಟು. ಹಿಡಿಯ ಮೇಲೆ ಉಳಿಯಿಂದ ಚುಕ್ಕಿ ಹೊಡೆಯುತ್ತಿದ್ದರು: ಮೊದಲನೇ ಮಗುವಿಗೆ ಒಂದು, ಎರಡನೆಯದಕ್ಕೆ ಎರಡು. ಅಪ್ಪನದು ಒಂದು ಚುಕ್ಕಿ, ಚಿಕ್ಕಪ್ಪನದು ಎರಡು ಚುಕ್ಕಿ. ಅದು ತೊಟ್ಟಿಲಲ್ಲಿ ತಲೆಯ ಕೆಳಗೆ ಇರಬೇಕು, ಆಮೇಲೆ ಸಾಯುವ ತನಕ ಜೊತೆಯಲ್ಲಿರಬೇಕು. ಗಾಳಿ, ದೃಷ್ಟಿ, ಕೆಟ್ಟ ಕನಸು, ಯಾವುದೂ ಕಬ್ಬಿಣ ದಾಟಿ ಬರಲ್ಲ ಅಂತ ಅಜ್ಜಿಯ ನಂಬಿಕೆ. ಅಜ್ಜಿ ಕುಲುಮೆ ಮನೆಯಲ್ಲೇ ಹುಟ್ಟಿ ಕುಲುಮೆ ಮನೆಗೇ ಬಂದವಳು. ಅವಳಿಗೆ ಕಬ್ಬಿಣ ಅಂದರೆ ಹಸು ಇದ್ದ ಹಾಗೆ, ಕೈ ಮುಗಿಯುತ್ತಿದ್ದಳು.

ಚಿಕ್ಕಪ್ಪನ ಹೆಸರು ಸಿದ್ದಲಿಂಗಾಚಾರಿ, ಎಲ್ಲರ ಬಾಯಲ್ಲೂ ಸಿದ್ದ. ಅವನಿಗೆ ಬೆಂಕಿ ಹಿಡಿಸಲಿಲ್ಲ, ಮರ ಹಿಡಿಸಿತು. ಹೊಸಹೊಳಲಿನಲ್ಲಿ ಒಬ್ಬ ಬಡಗಿಯ ಹತ್ತಿರ ಕೆಲಸ ಕಲಿತು, ಒಂದು ದಿನ ಮೈಸೂರಿಗೆ ಹೋದವನು ನೌಕಾಪಡೆಗೆ ಭರ್ತಿಯಾಗಿ ಬಂದುಬಿಟ್ಟ. ಹೇಮಾವತಿ ಬಿಟ್ಟರೆ ಬೇರೆ ನೀರು ನೋಡದ ಮನೆ ನಮ್ಮದು. ತಾತ ಮೂರು ದಿನ ಕುಲುಮೆ ಬಿಟ್ಟು ಒಳಗೆ ಬರಲಿಲ್ಲ. ಕೊನೆಗೆ, "ಹಡಗಿಗೆ ಕಬ್ಬಿಣ ಯಾರ್ಲಾ ಕೊಡೋರು?" ಅಂತ ಕೇಳಿದರು. "ನಂದು ಮರದ ಹಡಗು ಕಣಪ್ಪ" ಅಂದ ಚಿಕ್ಕಪ್ಪ. ತಾತ ನಂಬಲಿಲ್ಲ.

ನನಗೆ ಚಿಕ್ಕಪ್ಪ ಚೆನ್ನಾಗಿ ನೆನಪಿರುವುದು ಅವನ ಕೊನೇ ರಜೆಯಲ್ಲಿ. ಬಾಂಗ್ಲಾ ಯುದ್ಧ ಮುಗಿದ ಮೇಲಿನ ಶ್ರಾವಣ. ನನಗೆ ಎಂಟು ವರ್ಷ ಇರಬೇಕು. ಅಮ್ಮ ಹೆರಿಗೆಗೆ ಅಂತ ಪಾಲಹಳ್ಳಿಯ ಅವಳ ತವರಿಗೆ ಹೋಗಿದ್ದಳು, ಸಿದ್ದರಾಜು ಅಲ್ಲೇ ಹುಟ್ಟಿದ್ದ. ಚಿಕ್ಕಪ್ಪ ಬಸ್ಸಿಳಿದು ಬಂದಾಗ ಅವನ ಮೈ ಉಪ್ಪಿನ ವಾಸನೆ ಹೊಡೆಯುತ್ತಿತ್ತು, ಮೂಗಿನ ತುದಿ ಸುಲಿದಿತ್ತು. ಹೊಲದಲ್ಲಿ ರಾಗಿಗೆ ಕುಂಟೆ ಹೊಡೆಯುವ ಕಾಲ. ನಾನು ಅವನ ಹಿಂದೆ ಹಿಂದೆಯೇ. "ಯುದ್ಧ ಮುಗೀತಲ್ಲ ಚಿಕ್ಕಪ್ಪ, ಇನ್ನೇನು ಕೆಲಸ ನಿಂಗೆ?" ಅಂತ ಕೇಳಿದರೆ ಅವನು ಬದುವಿನ ಮೇಲೆ ಕೂತು, ಎತ್ತಿನ ಹಿಂದೆ ಹೋಗುತ್ತಿದ್ದ ಕುಂಟೆ ತೋರಿಸಿದ. "ನೋಡು ಪುಟ್ಟಿ. ಅಲಗು ಮಣ್ಣಿನ ಅಡೀಲಿ ಓಯ್ತದೆ, ಮೇಲೆ ಕಾಣಲ್ಲ. ಕಳೆ ಬೇರು ಕುಯ್ಕೊಂಡು ಓಯ್ತದೆ. ಕಳೆ ಮೇಲಕ್ಕೆ ಬಂದು ಬೀಳ್ತದೆ. ನಾವು ಸಮುದ್ರಕ್ಕೆ ಇದೇ ಕುಂಟೆ ಹೊಡೆಯೋದು ಕಣವ್ವ." ಯುದ್ಧ ಮಾಡುವವರು ನೀರಿನಲ್ಲಿ ಮದ್ದು ತುಂಬಿದ ದೊಡ್ಡ ಗುಂಡುಗಳನ್ನು ಬಿಟ್ಟು ಹೋಗುತ್ತಾರಂತೆ. ಹಂಡೆಯಷ್ಟು ದಪ್ಪ, ಮೈಮೇಲೆ ಕೊಂಬು. ತಳದಲ್ಲೊಂದು ಭಾರ, ಅದಕ್ಕೊಂದು ಸರಪಣಿ, ಸರಪಣಿಯ ತುದಿಯಲ್ಲಿ ಗುಂಡು ನೀರಿನೊಳಗೇ ನಿಂತಿರುತ್ತದಂತೆ, ಮೇಲೆ ಕಾಣದ ಹಾಗೆ. ಚಿಕ್ಕಪ್ಪನ ಹಡಗು ಹಿಂದುಗಡೆ ಒಂದು ಉದ್ದದ ತಂತಿ ಬಿಟ್ಟುಕೊಂಡು ಹೋಗುತ್ತದೆ, ತಂತಿಗೆ ಕತ್ತರಿ ಇರುತ್ತದೆ, ಅದು ಸರಪಣಿ ಕತ್ತರಿಸುತ್ತದೆ, ಗುಂಡು ಮೇಲೆ ಬರುತ್ತದೆ, ದೂರದಿಂದ ಕೋವಿಯಲ್ಲಿ ಹೊಡೆದು ಸಿಡಿಸುತ್ತಾರೆ. ಹಡಗುಗಳು ಒಂದರ ಹಿಂದೆ ಒಂದು ಓರೆಯಾಗಿ ಹೋಗುತ್ತವಂತೆ, ಹಿಂದಿನದು ಮುಂದಿನದು ಗುಡಿಸಿದ ಜಾಗದಲ್ಲೇ ಬರುವ ಹಾಗೆ. ಕಳೆ ಇರುವ ನೆಲ ಮೊದಲು ತುಳಿಯುವುದು ಮುಂದಿನ ಹಡಗು ಒಂದೇ. "ಮುಂದಿನದ್ರಲ್ಲಿ ನೀನಿರ್ತೀಯಾ?" ಅಂದೆ. "ಒಂದೊಂದ್ ಸಲ" ಅಂದ. ಯುದ್ಧ ಮುಗೀತು ಅಂತ ರೇಡಿಯೊದಲ್ಲಿ ಹೇಳಿದ್ದು ನಾನೂ ಕೇಳಿದ್ದೆ, ಊರಲ್ಲಿ ಸಕ್ಕರೆ ಹಂಚಿದ್ದರು. ಅದನ್ನು ಹೇಳಿದರೆ ಅವನು ನಕ್ಕುಬಿಟ್ಟ: "ಗುಂಡಿಗೆ ರೇಡಿಯೊ ಕೇಳಿಸಲ್ವಲ್ಲ ಮಗಾ."

ಅವನಿಗೆ ಕೆಲಸ ಕಲಿಸಿದ ಹಳೇ ನಾವಿಕನೊಬ್ಬ ಹಿಂದಿನ ದೊಡ್ಡ ಯುದ್ಧ ಕಂಡವನಂತೆ. ಆಗ ಮೀನು ಹಿಡಿಯುವ ದೋಣಿಗಳನ್ನೇ ಕರೆದುಕೊಂಡು ಬಂದು, ಬಲೆ ಬಿಚ್ಚಿ ತಂತಿ ಕಟ್ಟಿ, ಗುಂಡು ಗುಡಿಸಲು ಬಿಟ್ಟಿದ್ದರಂತೆ. ಯುದ್ಧ ಮುಗಿದು ಸಿಪಾಯಿಗಳೆಲ್ಲ ಹಾರ ಹಾಕಿಸಿಕೊಂಡು ಮನೆ ಸೇರಿದ ಮೇಲೂ ವರ್ಷಗಟ್ಟಲೆ ಆ ದೋಣಿಗಳು ಹೋಗಿ ಬಂದು ಹೋಗಿ ಬಂದು ಗುಡಿಸುತ್ತಲೇ ಇದ್ದವಂತೆ. ಅವರಿಗೆ ಹಾರ ಹಾಕಿದವರಿಲ್ಲ. ಏನೂ ಆಗದಿದ್ದರೆ ಅದೇ ಅವರ ಕೆಲಸ, ಏನೂ ಆಗದ್ದಕ್ಕೆ ಯಾರು ಹಾರ ತರುತ್ತಾರೆ?

ಮಾರನೇ ದಿನ ಕೆರೆಯಲ್ಲಿ ಆಟ ಕಟ್ಟಿದ. ಬಾಳೆದಿಂಡು ಸೇರಿಸಿ ಒಂದು ತೆಪ್ಪ. ಕೆರೆ ಅಂಚಿನಲ್ಲಿ ಸೋರೆ ಬುರುಡೆಗಳಿಗೆ ದಾರ ಕಟ್ಟಿ, ದಾರದ ತುದಿಗೆ ಕಲ್ಲು ಕಟ್ಟಿ, ಬುರುಡೆ ನೀರಿನೊಳಗೇ ನಿಲ್ಲುವ ಹಾಗೆ ಮುಳುಗಿಸಿದ. ಅವೇ ಗುಂಡು. ತೆಪ್ಪದ ಹಿಂದೆ ಹಗ್ಗ, ಹಗ್ಗದ ತುದಿಗೆ ಅವನ ಸ್ವಂತದ್ದೇ ಆ ಎರಡು ಚುಕ್ಕಿಯ ಕುಡ್ಲು! ಕೇರಿಯ ಮಕ್ಕಳೆಲ್ಲ ದಡದಲ್ಲಿ. ಅವನು ಗಳ ಊರಿಕೊಂಡು ಓರೆಯಾಗಿ ತೆಪ್ಪ ನಡೆಸಿದ. ಮೊದಲ ಸಲ ಏನೂ ಬರಲಿಲ್ಲ. ಎರಡನೇ ಸಲವೂ ಇಲ್ಲ. "ಸಿದ್ದಣ್ಣ, ನಿನ್ ಸರ್ಕಾರ ಸುಮ್ನೆ ಸಂಬ್ಳ ಕೊಡ್ತದೆ ಕಣ್ಲಾ!" ಅಂತ ದಡದಲ್ಲಿ ಎಮ್ಮೆ ತೊಳೆಯುತ್ತಿದ್ದವರು ಕೂಗಿದರು. ಮೂರನೇ ಸಲ ಬುಳಕ್ ಅಂತ ಒಂದು ಬುರುಡೆ ಮೇಲೆ ಬಂತು ನೋಡಿ! ನಾವೆಲ್ಲ ಕಲ್ಲು ತೂರಿ, ಬಾಯಲ್ಲೇ ಢಂ ಅಂತ ಕಿರುಚಿ, ಅದು ಒಡೆದು ಮುಳುಗುವ ತನಕ ಬಿಡಲಿಲ್ಲ. ಆ ಸದ್ದಿಗೆ ಅಜ್ಜಿ ಬಂದಳು. ಹಗ್ಗದ ತುದಿ ನೋಡಿದಳು. "ತಲೆ ಕೆಳಗೆ ಮಡಗೋ ಕುಡ್ಲು ಕಣ್ಲಾ ಅದು! ಕೆಸರಲ್ಲಿ ಎಳೆದಾಡ್ತೀಯ? ನಿಂಗೆ ಬುದ್ಧಿ ಬರೋದು ಯಾವಾಗ್ಲಾ?" ಅಂತ ಕಿತ್ತುಕೊಂಡು ಸೆರಗಲ್ಲಿ ಒರೆಸಿದಳು. ಅವನು ನೀರಲ್ಲೇ ನಿಂತು, "ಹಡಗಲ್ಲಿ ಇದಕ್ಕೆಲ್ಲ ಜಾಗ ಇಲ್ಲ ಕಣವ್ವ. ಅಲ್ಲಿ ಒಂದು ಮೊಳೆನೂ ಕಬ್ಬಿಣದ್ದಲ್ಲ. ಎಲ್ಲ ಮರ, ಕಂಚು, ಹಿತ್ತಾಳೆ" ಅಂದ. ಯಾಕೆ ಅಂತ ಅವನು ಹೇಳಲಿಲ್ಲ. ಅವ್ವ ಹೆದರುತ್ತಾಳೆ ಅಂತ ಇರಬೇಕು. ಅವಳ ಹತ್ತಿರ ಅವನು ಹಡಗಿನ ಮಂಚ, ಮೇಜು ರಿಪೇರಿ ಮಾಡುತ್ತೇನೆ ಅಂತಲೇ ಹೇಳಿದ್ದು.

ಅಜ್ಜಿ ಯೋಚಿಸಿದ್ದು ಬೇರೆ. ಕಬ್ಬಿಣದ ಚೂರೂ ಇಲ್ಲದ ಮನೆ! ಅದೂ ನೀರಿನ ಮೇಲೆ! ಅಂಥ ಕಡೆ ನನ್ನ ಮಗ ಮಲಗುತ್ತಾನಾ? ಅವತ್ತು ಸಂಜೆ ಪಡಸಾಲೆಯಲ್ಲಿ ಕೂತು, ತನ್ನ ಹಳೇ ಸೀರೆಯ ಹಸಿರು ಅಂಚು ಹರಿದು, ಆ ಕುಡ್ಲಿನ ಹಿಡಿಗೆ ಬಿಗಿಯಾಗಿ ಸುತ್ತಿದಳು. ಚಿಕ್ಕಪ್ಪನ ಹಾಸಿಗೆ ಸುರುಳಿಯ ಒಂದು ಮೂಲೆ ಬಿಚ್ಚಿ, ಹತ್ತಿಯೊಳಗೆ ಅದನ್ನು ತೂರಿಸಿ, ಹೊಲಿದುಬಿಟ್ಟಳು. ದೀಪದ ಹತ್ತಿರ ಸೂಜಿಗೆ ದಾರ ಪೋಣಿಸಿ ಕೊಟ್ಟಿದ್ದು ನಾನು. "ಸಿದ್ದಂಗೆ ತಿಳೀದೇ ಇದ್ರೂ ಪರವಾಗಿಲ್ಲ, ಕಬ್ಬಿಣಕ್ಕೆ ತಿಳಿದಿರ್ತದೆ" ಅಂದಳು.

ಆ ರಜೆ ಪೂರ್ತಿ ಚಿಕ್ಕಪ್ಪ ತೊಟ್ಟಿಲು ಮಾಡುತ್ತಿದ್ದ, ಪಾಲಹಳ್ಳಿಯಿಂದ ಅಮ್ಮ ಮಗುವನ್ನು ಕರೆದುಕೊಂಡು ಬರುವ ಹೊತ್ತಿಗೆ ಇರಲಿ ಅಂತ. ತೇಗದ ಹಲಗೆ, ಹಡಗಿನ ಹೊಟ್ಟೆಯ ಹಾಗೆ ಕೆಳಗೆ ಬಾಗಿದ್ದು. ಒಂದು ಮೊಳೆ ಇಲ್ಲ. ಎಲ್ಲ ಮರದ ಗೂಟ, ತೂತಿಗೆ ಸರಿಯಾಗಿ ಕೂತವು. ನೇತು ಹಾಕಲು ಸರಪಣಿ ಬದಲು ಹುರಿ ಹಗ್ಗ. ತಾತ ಬಂದು ಬೆರಳಲ್ಲಿ ಸಂದು ಸವರಿ ನೋಡಿದರು. "ಇದು ತೂಗಿದ್ರೆ ಕಿರ್ ಅನ್ನಲ್ವಲ್ಲ ಕಣ್ಲಾ" ಅಂದರು. ಅವರ ಬಾಯಲ್ಲಿ ಅದು ದೊಡ್ಡ ಹೊಗಳಿಕೆ. ಹೊರಡುವ ದಿನ ಬೆಳಗ್ಗೆ ನಾನು ಇನ್ನೂ ಕಂಬಳಿಯೊಳಗೆ ಇದ್ದೆ, ಪಡಸಾಲೆಯಿಂದ ಉಳಿಯ ಸದ್ದು ಬರುತ್ತಿತ್ತು, ಟಕ್ ಟಕ್ ಅಂತ ಸಣ್ಣಗೆ. "ಬಸ್ಸು ಬರೋ ಹೊತ್ತಾಯ್ತು, ಇನ್ನೂ ಏನ್ಲಾ ಕುಟ್ತಾ ಇದ್ದೀಯ?" ಅಂತ ಅಜ್ಜಿ ಒಲೆ ಮುಂದಿನಿಂದ ಕೂಗಿದಳು. "ಇನ್ನೊಂಚೂರು ಕಣವ್ವ, ಮುಗೀತು" ಅಂದ. ಅವನ ದನಿ ನನಗೆ ಕೊನೆಗೆ ಕೇಳಿದ್ದು ಅದೇ. ನಾನು ಎದ್ದು ಬರುವಷ್ಟರಲ್ಲಿ ಬಸ್ಸು ಹೊರಟಿತ್ತು, ತೊಟ್ಟಿಲ ಸುತ್ತ ಮರದ ಹೊಟ್ಟು ಮಾತ್ರ ಬಿದ್ದಿತ್ತು.

ದೀಪಾವಳಿಗೆ ಮೊದಲು ಅಂಚೆಯವನು ತಂತಿ ತಂದ. ಚಿಕ್ಕಪ್ಪ ಇಲ್ಲ ಅಂತ, ಅಷ್ಟೆ. ದೇಹ ಬರಲಿಲ್ಲ. ದೂರದ ಬಂದರಿನಲ್ಲೇ ಬೆಂಕಿ ಕೊಟ್ಟರಂತೆ. ಕುಲುಮೆ ಮನೆಯ ಮಗನಿಗೆ ಯಾರೋ ಬೆಂಕಿ ಕೊಟ್ಟರು. ಕೆಲವು ವಾರದ ಮೇಲೆ ಅವನ ಜೊತೆಯ ನಾವಿಕನೊಬ್ಬ ಪೆಟ್ಟಿಗೆ, ಹಾಸಿಗೆ ಹೊತ್ತುಕೊಂಡು ಬಂದ. ಕಾರವಾರದ ಕಡೆಯವನು, ಪುಸ್ತಕದಲ್ಲಿ ಬರೆದ ಹಾಗೆ ಮಾತಾಡುತ್ತಿದ್ದ. ಅಷ್ಟು ದುಃಖದಲ್ಲೂ ಕೇರಿಯ ಮಕ್ಕಳು ಬಾಗಿಲ ಸಂದಿಯಲ್ಲಿ ಅವನ ಮಾತಿಗೆ ಕಿಸಕ್ ಅಂದವು. "ಗುಂಡಿನಿಂದ ಅಲ್ಲ ತಾಯಿ," ಅಂದ ಅವನು. "ನಾವು ಎಳೆಯುತ್ತಿದ್ದ ತಂತಿ ಎಲ್ಲೋ ಕೆಳಗೆ ಸಿಕ್ಕಿಕೊಂಡಿತು. ಜಗ್ಗಿ ತುಂಡಾಯಿತು. ತುಂಡಾದದ್ದು ಚಾಟಿಯ ಹಾಗೆ ಹಿಂದಕ್ಕೆ ಬಂದು ಅವನಿಗೆ ಬಡಿಯಿತು. ಅವನಿಗೆ ತಿಳಿಯುವ ಮೊದಲೇ ಮುಗಿಯಿತು." ಅವನು ಒಳ್ಳೆಯ ಮನುಷ್ಯ. ಮಗನ ಕೆಲಸ ಎಂಥ ದೊಡ್ಡದಾಗಿತ್ತು ಅಂತ ತಾಯಿಗೆ ತಿಳಿಯಲಿ ಎಂದು ಇನ್ನೂ ಹೇಳಿದ. ಸರಪಣಿಯ ಗುಂಡಲ್ಲದೆ ಇನ್ನೊಂದು ಜಾತಿಯ ಗುಂಡು ಇದೆಯಂತೆ. ಅದು ತಳದಲ್ಲಿ ಮಲಗಿರುತ್ತದೆ, ತಾಗಬೇಕಾಗಿಲ್ಲ, ಮೇಲೆ ಕಬ್ಬಿಣ ಹಾದುಹೋದರೆ ಅದಕ್ಕೆ ಗೊತ್ತಾಗುತ್ತದೆ, ಸಿಡಿಯುತ್ತದೆ. "ಅದಕ್ಕಾಗಿಯೇ ನಮ್ಮ ಹಡಗು ಮರದ್ದು. ಸಣ್ಣ ಕಬ್ಬಿಣದ ಚೂರನ್ನೂ ಲೆಕ್ಕ ಇಟ್ಟು ಒಳಗೆ ಬಿಡುತ್ತಾರೆ ತಾಯಿ. ಕಬ್ಬಿಣವೇ ನಮಗೆ ಶತ್ರು."

ಅಜ್ಜಿ ಎದ್ದಳು. ಹಾಸಿಗೆ ಸುರುಳಿ ಬಿಚ್ಚಿದಳು. ತಾನು ಹೊಲಿದ ಮೂಲೆ ಹುಡುಕಿದಳು. ಅಲ್ಲಿ ಹೊಲಿಗೆ ಬಿಚ್ಚಿತ್ತು, ಒಳಗೆ ಕುಡ್ಲು ಇರಲಿಲ್ಲ. ಹತ್ತಿಯನ್ನೆಲ್ಲ ಕಿತ್ತು ಕಿತ್ತು ಪಡಸಾಲೆ ತುಂಬ ಹರಡಿದಳು. "ಹಡಗಲ್ಲೇ ಉಳ್ಕೊಂಡದೆ" ಅಂದಳು. ಆಮೇಲೆ ಅವಳ ಬಾಯಿಂದ ಬಂದ ಸದ್ದನ್ನು ನಾನು ಬರೆಯಲಾರೆ. ನಾವಿಕ ಏನೂ ಅರ್ಥವಾಗದೆ ತಾತನ ಮುಖ ನೋಡಿದ. ಅಪ್ಪ ಮೆಲ್ಲಗೆ ವಿಷಯ ತಿಳಿಸಿದ ಮೇಲೆ ಅವನು ಗಾಬರಿಯಾಗಿ, "ಇಲ್ಲ ತಾಯಿ, ಅಂಥದ್ದನ್ನು ನಾವು ಯಾರೂ ನೋಡಲಿಲ್ಲ. ಗುಂಡು ಸಿಡಿಯಲೇ ಇಲ್ಲ, ತಂತಿ ತುಂಡಾದದ್ದು" ಅಂತ ಅವಳ ಕಾಲ ಹತ್ತಿರ ಕೂತು ಬೇಡಿಕೊಂಡ. ತಾತ ಹೇಳಿದರು, "ಹುಟ್ಟಿದಾಗಿಂದ ಕಬ್ಬಿಣ ನೋಡಿದೋನು ಕಣೇ ನಾನು. ಸವೆದಿದ್ದ ತಂತಿ, ಕಿತ್ತೋಯ್ತು. ನಿನ್ನ ಕುಡ್ಲು ಏನ್ ಮಾಡ್ತದೆ?" "ತಂತಿ ಯಾತರದ್ದು?" ಅಂತ ಕೇಳಿದಳು ಅಜ್ಜಿ. "ಕಬ್ಬಿಣ ಕಬ್ಬಿಣನ ಕರೀತು. ನಾನು ಹೊಲಿದು ಕಳಿಸ್ದೆ" ಅಂದಳು. ಆ ಮಾತಿನಿಂದ ಅವಳು ಮತ್ತೆ ಕೆಳಗಿಳಿಯಲೇ ಇಲ್ಲ.

ಅಮ್ಮ ಕೈಗೂಸು ಸಿದ್ದರಾಜುವನ್ನು ಎತ್ತಿಕೊಂಡು ಬಂದಿದ್ದು ಅಂಥ ಮನೆಗೆ. ತಾತ ಅವನಿಗೆ ಅಂತ ಮಾಡಿಟ್ಟಿದ್ದ ಪುಟ್ಟ ಕುಡ್ಲು, ನನ್ನದು, ಅಪ್ಪನದು, ಎಲ್ಲವನ್ನೂ ಅಜ್ಜಿ ಸೆರಗಲ್ಲಿ ಕಟ್ಟಿಕೊಂಡು ಹೋಗಿ ಹೇಮಾವತಿಗೆ ಹಾಕಿ ಬಂದಳು. ಸತ್ತವನು ಮಾಡಿದ ತೊಟ್ಟಿಲು ಬೇಡ ಅಂತ ಅದು ಅಟ್ಟ ಹತ್ತಿತು. ಸಿದ್ದರಾಜು ಸೀರೆಯ ಜೋಲಿಯಲ್ಲಿ ಬೆಳೆದ. ಅಜ್ಜಿ ಅವನನ್ನು ಒಂದು ಸಲವೂ ಎತ್ತಿಕೊಳ್ಳಲಿಲ್ಲ. ಅವನು ಅಂಬೆಗಾಲಿಟ್ಟು ಅವಳ ಹತ್ತಿರ ಬಂದರೆ ಕೈ ಎರಡನ್ನೂ ಬೆನ್ನ ಹಿಂದೆ ಇಟ್ಟುಕೊಳ್ಳುತ್ತಿದ್ದಳು. "ನನ್ನ ಕೈ ಒಳ್ಳೇದಲ್ಲ ಕಣವ್ವ, ನೀನೇ ಎತ್ಕೊ" ಅಂತ ಅಮ್ಮನಿಗೆ ಹೇಳುತ್ತಿದ್ದಳು. ಅವನು ಕುಲುಮೆ ಕಡೆ ಹೆಜ್ಜೆ ಇಟ್ಟರೆ ಎದೆ ಬಡಿದುಕೊಳ್ಳುತ್ತಿದ್ದಳು. ತಾತ ಮೊದಮೊದಲು ಬೈದರು, ಆಮೇಲೆ ಮಗು ಮಲಗಿದ್ದಾಗ ಮಾತ್ರ ಸುತ್ತಿಗೆ ಹಿಡಿದರು, ಆಮೇಲೆ ಅದೂ ಬಿಟ್ಟರು. ಒಂದು ಬೆಳಗ್ಗೆ ತಿದಿ ಒತ್ತಲು ಹೋದ ನನಗೆ, "ಇವತ್ತು ಬ್ಯಾಡ ಪುಟ್ಟಿ" ಅಂದರು. ಮರುದಿನವೂ ಬೇಡ ಅಂದರು. ಇದ್ದಲಿನ ಮೇಲೆ ಕೋಳಿ ಕಾವು ಕೂತಿತು. ರೈತರು ಪೇಟೆಯ ಅಂಗಡಿಯಿಂದ ಕುಡ್ಲು ತರಲು ಶುರು ಮಾಡಿದರು. ನನ್ನ ತಮ್ಮ ಬೆಂಕಿಯ ಕೆಲಸ ಕಲಿಯಲೇ ಇಲ್ಲ, ಬಸ್ ಕಂಡಕ್ಟರ್ ಆದ. ಅವನ ಹಸ್ತ ನೋಡಿದರೆ ತಾತನದೇ, ಅಗಲವಾಗಿ, ಗಟ್ಟಿಯಾಗಿ. ಆ ಕೈಯಲ್ಲಿ ಜೀವಮಾನವೆಲ್ಲ ಟಿಕೆಟ್ ಹರಿದ.

ಸವಿತ ಹುಟ್ಟಿದಾಗ ಬಾಣಂತನಕ್ಕೆ ನಾನೂ ತವರಿಗೇ ಹೋಗಿದ್ದೆ. ಅಜ್ಜಿ ಆಗ ಹಾಸಿಗೆ ಹಿಡಿದಿದ್ದಳು, ಕಣ್ಣು ಮಂಜಾಗಿತ್ತು. ಮಗುವನ್ನು ಅವಳ ಪಕ್ಕ ಮಲಗಿಸಿ, "ಮುಟ್ಟಜ್ಜಿ, ಏನೂ ಆಗಲ್ಲ" ಅಂದೆ. ಅವಳು ಎರಡೂ ಕೈಯನ್ನು ಕಂಬಳಿಯೊಳಗೆ ಎಳೆದುಕೊಂಡಳು. "ವಾಸನೆ ಚೆಂದಾಗದೆ ಕಣೇ ಕೂಸಿಂದು" ಅಂದಳು, ಮುಖ ಮಾತ್ರ ಈ ಕಡೆ ತಿರುಗಿಸಿ. ಅದಾಗಿ ಸ್ವಲ್ಪ ದಿನಕ್ಕೆ ಹೋದಳು. ಕೈ ಹಾಗೇ ಒಳಗಿದ್ದವು.

ಆ ಮರದ ಹಡಗುಗಳೂ ಈಗಿಲ್ಲವಂತೆ. ಹೋದ ವರ್ಷ ಅಳಿಯ ಮೊಬೈಲಲ್ಲಿ ಹುಡುಕಿ ಹೇಳಿದ. ಅಂಥವು ಹಳತಾದ ಮೇಲೆ ಒಡೆದು ಹಾಕುತ್ತಾರಂತೆ, ಬೇರೆ ಬೇರೆ ದೇಶದಲ್ಲೂ ಹಾಗೇ, ಈಗ ಮರದ ಬದಲು ಏನೋ ಅಂಟಿನ ನಾರಿನ ಹಡಗು, ಮನುಷ್ಯರು ದೂರದಲ್ಲಿ ಕೂತು ಬಿಡುವ ಯಂತ್ರ. ಒಡೆದ ಮರ ಏನಾಯಿತು ಅಂತ ಕೇಳಿದೆ. ಅದು ಮೊಬೈಲಲ್ಲಿ ಇರಲಿಲ್ಲ. ಹಳೇ ಯುದ್ಧದ ಗುಂಡುಗಳು ಮಾತ್ರ ಈಗಲೂ ಎಲ್ಲೋ ಒಂದೊಂದು ಮೀನಿನ ಬಲೆಗೆ ಸಿಗುತ್ತವಂತೆ. ಇಟ್ಟವರೂ ಸತ್ತಿದ್ದಾರೆ, ಗುಡಿಸಿದವರೂ ಸತ್ತಿದ್ದಾರೆ.

ನೆನ್ನೆಗೆ ಬರುತ್ತೇನೆ. ಬೀಗಿತ್ತಿ ಕಬ್ಬಿಣದ ಮಾತಾಡಿ ಒಳಗೆ ಹೋದರು. ನಾನು ಎಣ್ಣೆ ಬಟ್ಟೆಯಲ್ಲಿ ತೊಟ್ಟಿಲಿನ ತಲೆದೆಸೆಯ ಹಲಗೆ ಉಜ್ಜುತ್ತಿದ್ದೆ. ಒಂದು ಕಡೆ ಬೆರಳಿಗೆ ಸಣ್ಣ ಸಂದು ತಾಗಿತು. ಮಸಿ ಹೋದ ಮೇಲೆ ನೋಡಿದರೆ ಹಲಗೆಯ ದಪ್ಪದೊಳಗೆ ಒಂದು ಚಿಕ್ಕ ಮುಚ್ಚಳ, ಪೆನ್ಸಿಲ್ ಡಬ್ಬಿಯ ಮುಚ್ಚಳದ ಹಾಗೆ ಜಾರುವಂಥದ್ದು. ಎಣ್ಣೆ ಕುಡಿದು ಸಡಿಲವಾಗಿತ್ತು. ಹೆಬ್ಬೆರಳಿಂದ ಒತ್ತಿದೆ, ಜಾರಿತು. ಒಳಗೆ ಹಲಗೆಯಲ್ಲಿ ಕೊರೆದ ಒಂದು ಗೂಡು. ಗೂಡಿನಲ್ಲಿ ಬೆರಳುದ್ದದ ಕುಡ್ಲು. ತುಕ್ಕು ಹಿಡಿದು ಕಾಫಿ ಪುಡಿಯ ಬಣ್ಣ ಬಂದಿತ್ತು. ಹಿಡಿಯ ಮೇಲೆ ಎರಡು ಚುಕ್ಕಿ. ಹಿಡಿಗೆ ಬಿಗಿಯಾಗಿ ಸುತ್ತಿದ ಹಸಿರು ಸೀರೆಯ ಅಂಚು.

ಅಜ್ಜಿ ಆ ಅಂಚು ಸುತ್ತಿದ್ದನ್ನು ಕಣ್ಣಾರೆ ಕಂಡವಳು ನಾನು. ಸುತ್ತಿ, ಹಾಸಿಗೆಯೊಳಗೆ ಹೊಲಿದಿದ್ದಳು. ಹಾಗಾದರೆ ಚಿಕ್ಕಪ್ಪನಿಗೆ ಗೊತ್ತಾಗಿತ್ತು. ಹಡಗಿಗೆ ಒಯ್ಯಬಾರದು, ಅವ್ವನಿಗೆ 'ಬೇಡ' ಅನ್ನಲೂ ಬಾರದು. ಹೊಲಿಗೆ ಬಿಚ್ಚಿ ತೆಗೆದು, ಆ ಬೆಳಗ್ಗೆ ಟಕ್ ಟಕ್ ಅಂತ ಗೂಡು ಕೊರೆದು, ತಲೆಯ ಕೆಳಗೆ ಇಡಬೇಕಾದ್ದನ್ನು ಮಗುವಿನ ತಲೆಯ ಕೆಳಗೇ ಇಟ್ಟು ಹೋಗಿದ್ದ. ಅವ್ವನ ಕಾವಲನ್ನು ಅಣ್ಣನ ಮಗನಿಗೆ ಬಿಟ್ಟು, ತಾನು ಬರಿಗೈಯಲ್ಲಿ ಬಸ್ಸು ಹತ್ತಿದ್ದ. ನೆನ್ನೆಯ ತನಕ ಕುಡ್ಲು ಕೆ.ಆರ್. ಪೇಟೆ ತಾಲೂಕನ್ನೇ ದಾಟಿರಲಿಲ್ಲ. ಅಜ್ಜಿ ಅಷ್ಟು ವರ್ಷ ಮಲಗಿದ್ದು ಅದೇ ಅಟ್ಟದ ಕೆಳಗೆ.

ನಾನು ಎಷ್ಟು ಹೊತ್ತು ಹಿತ್ತಿಲಲ್ಲಿ ಕೂತಿದ್ದೆನೋ. ಸಿದ್ದರಾಜು ಕಾಫಿ ಲೋಟ ಹಿಡಿದು ಬಂದು, "ಏನಕ್ಕ, ಎಣ್ಣೆ ಹಚ್ತಾ ನಿದ್ದೆ ಒಡೀತಿದ್ದೀಯ?" ಅಂದ. ಅಂಗೈ ಬಿಚ್ಚಿ ತೋರಿಸಿದೆ. ಅವನು ಅದನ್ನು ಯಾವತ್ತೂ ನೋಡಿದವನಲ್ಲ, ಕತೆ ಕೇಳಿ ಬೆಳೆದವನು. ಚುಕ್ಕಿ ಮುಟ್ಟಿ ನೋಡಿದ. ಅಂಚು ಮುಟ್ಟಿ ನೋಡಿದ. ಕಾಫಿ ಲೋಟವನ್ನು ನೆಲದ ಮೇಲೆ ಇಟ್ಟ. "ನಂಗೆ ಅಂತ ಮಡಗಿದ್ನಾ?" ಅಂದ. ಹೂಂ ಅಂದೆ. ತೊಟ್ಟಿಲ ಹಲಗೆ ಸವರುತ್ತಾ, "ಒಂದ್ ದಿನ ನನ್ನ ಈ ತೊಟ್ಟಿಲಲ್ಲಿ ಮಲಗಿಸಿದ್ರೆ ಸಾಕಾಗಿತ್ತಲ್ಲಕ್ಕ. ಒದ್ದಾಡಿ ಮುಚ್ಚಳ ಬೀಳಿಸ್ತಿದ್ದೆ. ಅಜ್ಜಿ ನೋಡ್ತಿತ್ತು" ಅಂದ. ನಗಲು ಹೋದ, ಆಗಲಿಲ್ಲ. ಯಾರಿಗೆ ಹೇಳುವುದು ಈಗ? ಅಜ್ಜಿ ಇಲ್ಲ, ತಾತ ಇಲ್ಲ, ಅಪ್ಪ ಅಮ್ಮ ಇಲ್ಲ. ಕುಲುಮೆ ಇದ್ದ ಜಾಗದಲ್ಲಿ ಸಿದ್ದರಾಜುವಿನ ಸ್ಕೂಟರು ನಿಲ್ಲುತ್ತದೆ. ಸತ್ಯ ನನ್ನ ಅಂಗೈಯಲ್ಲಿತ್ತು, ಬೇಕಾದವರು ಒಬ್ಬರೂ ಉಳಿದಿರಲಿಲ್ಲ.

ಬೀಗಿತ್ತಿಗೆ ಕತೆ ಹೇಳಿದೆವು. ಅವರು ಸೆರಗಿಂದ ಕಣ್ಣೊರೆಸಿಕೊಂಡು, "ಅವರೇ ಮಡಗಿ ಓಗವ್ರಲ್ಲ, ತೆಗೀಬೇಡಿ. ಇದ್ದ ಜಾಗದಲ್ಲೇ ಇರ್ಲಿ" ಅಂದರು. ನಾನು ಕುಡ್ಲನ್ನು ಗೂಡಿನಲ್ಲಿಟ್ಟು ಮುಚ್ಚಳ ಎಳೆದೆ. ಎಳೆಯುವಾಗ ಕೈ ಹಿಂದೆ ಸರಿಯಿತು. ನನಗೆ ಎಲ್ಲ ಗೊತ್ತಾಗಿದೆ, ಆದರೂ ಸರಿಯಿತು. ಅಜ್ಜಿಯ ಹೆದರಿಕೆ ನನ್ನ ಕೈಯಲ್ಲೇ ಕೂತಿದೆ, ಅದಕ್ಕೂ ಯಾರೂ ಸುದ್ದಿ ಮುಟ್ಟಿಸಿಲ್ಲ.

ಸಂಜೆ ತೊಟ್ಟಿಲನ್ನು ನಡುಮನೆಯ ತೊಲೆಗೆ ಕಟ್ಟಿದೆವು. ಮಗುವನ್ನು ಎತ್ತಿಕೊಂಡು ನಾನೇ ಮಲಗಿಸಿದೆ, ಎರಡೂ ಕೈಯಲ್ಲಿ. ಆಮೇಲೆ ಎಲ್ಲರೂ ಸಾಲಾಗಿ ಊಟಕ್ಕೆ ಕೂತೆವು. ಸವಿತನಿಗೆ ಮೆಣಸಿನ ಸಾರು ಅನ್ನ, ನಮಗೆಲ್ಲ ಮುದ್ದೆ, ಹುರುಳಿಕಾಳು ಬಸ್ಸಾರು, ಅಕ್ಕಿ ಪಾಯಸ. ಮಗುವಿನ ಮೂಗು ಯಾರದು ಅಂತ ನಮ್ಮ ಮನೆಯವರಿಗೂ ಬೀಗಿತ್ತಿಗೂ ಜಗಳ. ಅಳಿಯ ಎರಡನೇ ಸಲ ಪಾಯಸ ಹಾಕಿಸಿಕೊಂಡ. ಸಿದ್ದರಾಜು ಎಡಗೈಯಲ್ಲಿ ಹಗ್ಗ ಹಿಡಿದು ತೂಗುತ್ತಾ ಬಲಗೈಯಲ್ಲಿ ಮುದ್ದೆ ಮುರಿಯುತ್ತಿದ್ದ. ತೊಟ್ಟಿಲು ಆ ಕಡೆ ಹೋಗುತ್ತಿತ್ತು, ಈ ಕಡೆ ಬರುತ್ತಿತ್ತು, ತಾತ ಹೇಳಿದ ಹಾಗೆ ಕಿರ್ ಅನ್ನುತ್ತಿರಲಿಲ್ಲ.

"ಯಾಕೆ ಬೀಗ್ತಿ, ಸುಮ್ನೆ ಕೂತ್ಬುಟ್ರಿ? ನಾ ಮಾಡಿದ್ ಸಾರು ಸಪ್ಪೆನಾ?" ಅಂತ ಕೇಳಿದರು ಬೀಗಿತ್ತಿ.

"ಇಲ್ಲ ಬುಡಿ, ಬಿಸಿ ಐತೆ" ಅಂದು, ತುತ್ತು ಸಾರಿಗೆ ಅದ್ದಿ ನುಂಗಿದೆ.